ಹಿಂದೆ ಕೂತವರು

ಯಜಮಾನರನ್ನು ಏನೆಂದು ಕರೆಯಬೇಕೋ ನನಗಿನ್ನೂ ಗೊತ್ತಾಗಿಲ್ಲ. ಹನ್ನೊಂದು ವಾರವಾಯಿತು, ನನ್ನಂಥ ಪೆದ್ದಿ ಇನ್ನೊಬ್ಬಳಿಲ್ಲ. ಹೀಗೆಂದು ಡೈರಿಯಲ್ಲಿ ಬರೆದ ಸುಹಾಸಿನಿ, ಯಾರಾದರೂ ನೋಡಿಯಾರೆಂಬಂತೆ ಪುಟದ ಮೇಲೆ ಅಂಗೈ ಮುಚ್ಚಿದಳು. ಶಿಕಾಗೋ ಹತ್ತಿರದ ಲೊಂಬಾರ್ಡಿನ ಆ ಅಪಾರ್ಟ್‌ಮೆಂಟಿನಲ್ಲಿ ಸೋಮವಾರ ಬೆಳಿಗ್ಗೆ ಅವಳನ್ನು ಬಿಟ್ಟರೆ ಇನ್ನೊಂದು ನರಪಿಳ್ಳೆ ಇರಲಿಲ್ಲ.

ಅವಳು ಕೆಲಸ ಮಾಡುವ ಕಂಪನಿಯ ಯಜಮಾನರ ಹೆಸರು ಆಸ್ಮುಂಡ್ ವೀಕ್. ನಾರ್ವೆಯವರು, ವಯಸ್ಸು ಅರವತ್ತೊಂಬತ್ತು. ಮೊದಲ ದಿನ ಅವಳು ಸರ್ ಎಂದದ್ದಕ್ಕೆ ಅವರು ನಕ್ಕುಬಿಟ್ಟು, ತಮ್ಮ ಊರಿನಲ್ಲಿ ಶಾಲೆಯ ಮಕ್ಕಳೂ ಹೆಡ್‌ಮಾಸ್ತರನ್ನು ಹೆಸರು ಹಿಡಿದೇ ಕರೆಯುತ್ತಾರೆ, ಆಸ್ಮುಂಡ್ ಅಂದರೆ ಸಾಕು ಎಂದಿದ್ದರು. ತಾತನ ವಯಸ್ಸಿನವರನ್ನು ಹೆಸರು ಹಿಡಿದು ಕರೆಯಲು ಮೈಸೂರಿನಲ್ಲಿ ಬೆಳೆದ ನಾಲಿಗೆ ಏಳುವುದಾದರೂ ಹೇಗೆ? ಹೀಗಾಗಿ ಏನಾದರೂ ಕೇಳುವುದಿದ್ದರೆ ಅವರ ಮೇಜಿನ ಪಕ್ಕ ಹೋಗಿ, ಅವರು ತಲೆ ಎತ್ತುವವರೆಗೆ ಸುಮ್ಮನೆ ನಿಂತಿರುತ್ತಿದ್ದಳು. ಒಮ್ಮೆ ಹತ್ತು ನಿಮಿಷ ಹಾಗೆಯೇ ನಿಂತಿದ್ದು, ಅವರು ಫೋನಿನಲ್ಲಿ ಮಾತಾಡುತ್ತಲೇ ಎದ್ದು ಹೊರಗೆ ಹೋದಾಗ, ಕೇಳಬೇಕಾದ್ದನ್ನು ನುಂಗಿಕೊಂಡು ವಾಪಸು ಬಂದಿದ್ದಳು.

ಕೆಳಗೆ ಕಾರಿನ ಹಾರ್ನ್ ಕೇಳಿಸಿತು. ರೇಣು ಬಂದಿದ್ದಳು.

ರೇಣು ಹುಬ್ಬಳ್ಳಿಯವಳು, ನಲವತ್ತೈದು ದಾಟಿದ ಗಟ್ಟಿ ಹೆಂಗಸು. ಆಸ್ಮುಂಡರ ಕಂಪನಿಯಲ್ಲಿ ಫೋನು, ಗಿರಾಕಿ, ಪಾರ್ಸೆಲ್ಲು ಎಲ್ಲ ಅವಳದೇ ಉಸ್ತುವಾರಿ. ಪ್ಲೇನ್‌ಫೀಲ್ಡಿನ ತನ್ನ ಮನೆಯಿಂದ ಎಲ್ಕ್ ಗ್ರೋವ್ ವಿಲೇಜಿನ ಆಫೀಸಿಗೆ ಹೋಗುವ ದಾರಿಯಲ್ಲಿ ಹೆದ್ದಾರಿಯಿಂದ ಲೊಂಬಾರ್ಡಿನ ಎಕ್ಸಿಟ್ ತೆಗೆದುಕೊಂಡು, ಲೈಸೆನ್ಸ್ ಇಲ್ಲದ ಈ ಹುಡುಗಿಯನ್ನು ದಿನವೂ ಹತ್ತಿಸಿಕೊಳ್ಳುತ್ತಿದ್ದಳು. ದಾರಿಯುದ್ದಕ್ಕೂ ಅವಳದೇ ಮಾತು. ಎರಡು ಸಾವಿರದ ಒಂಬತ್ತನೆಯ ಇಸವಿಯ ಆ ಮಾರ್ಚ್ ತಿಂಗಳಲ್ಲಿ ಎಲ್ಲರ ಕಾರಿನಲ್ಲೂ ಇದ್ದದ್ದು ಒಂದೇ ಮಾತು: ಯಾರ ಕೆಲಸ ಹೋಯಿತು, ಯಾರ ಮನೆ ಬ್ಯಾಂಕಿನ ಪಾಲಾಯಿತು, ಯಾರು ಟಿಕೆಟ್ ತೆಗೆಸಿ ಬೆಂಗಳೂರಿಗೆ ಹೊರಟರು. ಸುಹಾಸಿನಿ ಹೂಂ ಅನ್ನುತ್ತಾ ಕಿಟಕಿಯಾಚೆ ನೋಡುತ್ತಿದ್ದಳು. ಓದು ಮುಗಿಸಿದವರಿಗೆ ಸರ್ಕಾರ ಕೊಡುವ ಒಂದು ವರ್ಷದ ಅನುಮತಿಯ ಮೇಲೆ ಅವಳು ಈ ದೇಶದಲ್ಲಿದ್ದಳು. ಆ ವರ್ಷದಲ್ಲಿ ಒಟ್ಟು ತೊಂಬತ್ತು ದಿನ ಮಾತ್ರ ಕೆಲಸವಿಲ್ಲದೆ ಇರಬಹುದು. ಕೆಲಸ ಹುಡುಕುತ್ತ ಎಪ್ಪತ್ತೊಂದು ದಿನ ಕಳೆದ ಮೇಲೆ ಆಸ್ಮುಂಡ್ ಅವಳನ್ನು ತೆಗೆದುಕೊಂಡಿದ್ದರು. ಕಂಪನಿ ಮುಚ್ಚಿದರೆ ಅವಳಿಗೆ ಉಳಿಯುವುದು ಹತ್ತೊಂಬತ್ತೇ ದಿನ.

ಮುಚ್ಚುವ ಲಕ್ಷಣಗಳೇ ಎಲ್ಲ ಕಡೆ ಕಾಣುತ್ತಿದ್ದವು. ಹತ್ತೊಂಬತ್ತು ಜನ ಇದ್ದ ಕಡೆ ಈಗ ಮೂವರು. ಗೋದಾಮುಗಳ ಸಾಲಿನ ನಡುವೆ ಇದ್ದ ಆ ಕಟ್ಟಡದಲ್ಲಿ ಅರ್ಧ ದೀಪಗಳನ್ನು ಆರಿಸಿಯೇ ಇಟ್ಟಿದ್ದರು. ಹಾಗಿದ್ದರೂ ಬಾಗಿಲಲ್ಲಿ ಒಳಗೆ ಬಂದವರಿಗೆ ಕಾಣುವಂತೆ ಒಂದು ಕಾಗದಕ್ಕೆ ಕಟ್ಟು ಹಾಕಿಸಿ ತೂಗುಹಾಕಿದ್ದರು. ಆಸ್ಮುಂಡ್ ತಮ್ಮ ಊರು ಟ್ರೋನ್‌ಹೈಮಿನಲ್ಲಿ, ಚರ್ಚಿನ ಆರ್ಗನ್ ನಾದವನ್ನು ಅಂಕಿಗಳನ್ನಾಗಿ ಮಾಡಿ ಹಿಡಿದಿಡುವ ಪೆಟ್ಟಿಗೆಯೊಂದನ್ನು ಕೈಯಾರೆ ಕಟ್ಟಿದವರು. ತೊಂಬತ್ತನಾಲ್ಕರಲ್ಲಿ, ಹಾಡನ್ನು ಅಂಗಡಿಗೆ ಹೋಗಿ ತರುವುದೇ ರೂಢಿಯಾಗಿದ್ದ ಕಾಲದಲ್ಲಿ, ಟೆಲಿಫೋನ್ ತಂತಿಯ ಮೇಲೆ ಮೂರು ನಿಮಿಷದ ಹಾಡೊಂದನ್ನು ಮಿನೆಸೋಟದ ರೈತನೊಬ್ಬನಿಗೆ ಕಳಿಸಿದ್ದರು. ಆ ರೈತ ಬರೆದ ಕಾಗದ ಅದು: ‘ನಿಮ್ಮ ಹಾಡು ಊಟದ ಹೊತ್ತಿಗೆ ಹೊರಟು ಕಾಫಿಯ ಹೊತ್ತಿಗೆ ಬಂತು. ಹೆಂಡತಿಗೆ ಇಷ್ಟವಾಯಿತು. ಇನ್ನೊಂದು ಕಳಿಸಿ, ಅಷ್ಟರಲ್ಲಿ ಹಸುವಿನ ಹಾಲು ಕರೆದು ಬರುತ್ತೇನೆ.’

ಆಮೇಲೆ ಆ ದಾರಿಯಲ್ಲಿ ದೊಡ್ಡ ದೊಡ್ಡ ಕಂಪನಿಗಳು ಬಂದವು, ಲೋಕವೆಲ್ಲ ಹಾಗೆಯೇ ಹಾಡು ಕೇಳತೊಡಗಿತು, ಆಸ್ಮುಂಡರನ್ನು ಕೇಳುವವರು ಇಲ್ಲವಾದರು. ಅವರಿಗೆ ಅದರ ಮೇಲೆ ಸಿಟ್ಟಿರಲಿಲ್ಲ. ಡೆಟ್ರಾಯಿಟ್ಟಿನ ಚರ್ಚುಗಳ ಹಾಡುಗಾರರು, ಪೋಲಿಷ್ ಮದುವೆಗಳ ವಾದ್ಯದವರು, ಇಂಥವರ ಹಳೆಯ ಟೇಪುಗಳನ್ನು ಕಂಪ್ಯೂಟರಿಗೆ ಇಳಿಸಿ, ಚೊಕ್ಕ ಮಾಡಿ, ಜಗತ್ತಿನ ಯಾವ ಮೂಲೆಯಿಂದಲಾದರೂ ತರಿಸಿಕೊಳ್ಳುವಂತೆ ಜೋಡಿಸಿಡುವುದು ಈಗ ಅವರ ಕೆಲಸ. ಚೊಕ್ಕ ಮಾಡಲು ಅವರೇ ಬರೆದ ಒಂದು ಪ್ರೋಗ್ರಾಂ ಇತ್ತು. ಹೆಸರು ಸ್ಟಿಲ್ಲೆ. ಅವರ ಭಾಷೆಯಲ್ಲಿ ನಿಶ್ಶಬ್ದ ಅಂತ. ಹಾಡು ಶುರುವಾಗುವ ಮೊದಲಿನ ಎರಡು ಸೆಕೆಂಡನ್ನು ಅದಕ್ಕೆ ತೋರಿಸಬೇಕು. ಆ ಎರಡು ಸೆಕೆಂಡಿನಲ್ಲಿ ಇರುವುದೆಲ್ಲ ಫ್ಯಾನಿನದೋ ವೈರಿನದೋ ಗೊರಗೊರವೇ ತಾನೇ, ಅದನ್ನು ಗುರುತು ಹಿಡಿದುಕೊಂಡು ಸ್ಟಿಲ್ಲೆ ಇಡೀ ಟೇಪಿನಿಂದ ಆ ಸದ್ದನ್ನು ಹೆಕ್ಕಿ ತೆಗೆಯುತ್ತಿತ್ತು.

ಸುಹಾಸಿನಿಯ ಕೆಲಸ ಆ ಎರಡು ಸೆಕೆಂಡನ್ನು ತೋರಿಸುವುದು. ತೆರೆಯ ಮೇಲೆ ಅಲೆಯ ಗೆರೆ ಎಲ್ಲಿ ಸಣ್ಣಗಿದೆಯೋ ಅಲ್ಲಿ ಮೌಸಿನಿಂದ ಎಳೆದರೆ ಆಯಿತು, ಕಿವಿಗೆ ಕೆಲಸವಿಲ್ಲ. ಮಾತಾಡಬೇಕಾಗಿಯೂ ಇಲ್ಲ. ಅವಳಿಗೆ ಹೇಳಿ ಮಾಡಿಸಿದಂತಿತ್ತು.

ಮಧ್ಯಾಹ್ನ ಊಟಕ್ಕೆ ಮೂವರೂ ಒಂದೇ ಮೇಜಿಗೆ ಕೂರುತ್ತಿದ್ದರು. ಆಸ್ಮುಂಡ್ ಕಂದು ಬಣ್ಣದ, ಸಿಹಿಯಾದ ತಮ್ಮ ಊರಿನ ಚೀಸನ್ನು ತೆಳುವಾಗಿ ಹೆರೆದು ಅವಳ ಡಬ್ಬಿಯ ಮುಚ್ಚಳದಲ್ಲಿ ಎರಡು ಚೂರು ಇಡುತ್ತಿದ್ದರು. ಅವಳು ಒಂದು ಸೌಟು ಚಿತ್ರಾನ್ನವನ್ನು ಅವರ ತಟ್ಟೆಗೆ ದಾಟಿಸುತ್ತಿದ್ದಳು. ಇಬ್ಬರೂ ಮಾತಿಲ್ಲದೆ ತಿನ್ನುತ್ತಿದ್ದರು. ಅವರು ಒಗ್ಗರಣೆಯ ಕಡಲೆಬೀಜವನ್ನು ಒಂದೊಂದಾಗಿ ಆರಿಸಿ ಕೊನೆಗೆ ಉಳಿಸಿಕೊಳ್ಳುವುದನ್ನು ಅವಳು ಡೈರಿಯಲ್ಲಿ ಬರೆದಿದ್ದಳು. ರೇಣು ಮಾತ್ರ, ಮೂಕಬಸವರ ಸಂಗಡ ಕೂತು ಉಂಡಂಗ ಆಗ್ತದ ನನಗ, ಎಂದು ಕನ್ನಡದಲ್ಲಿ ಗೊಣಗುತ್ತಿದ್ದಳು. ಆಸ್ಮುಂಡ್ ಅರ್ಥವಾದವರಂತೆ ತಲೆಯಾಡಿಸುತ್ತಿದ್ದರು.

ಆ ಸೋಮವಾರ ಊಟದ ಹೊತ್ತಿನಲ್ಲಿ ಅವರು ಸಮಾಚಾರ ಹೇಳಿದರು. ಡೆಟ್ರಾಯಿಟ್ ಹತ್ತಿರದ, ಕಾರಿನ ಬಿಡಿಭಾಗ ಮಾಡುವ ಕಂಪನಿಯೊಂದರಿಂದ ಶುಕ್ರವಾರ ಇಬ್ಬರು ಬರುತ್ತಾರೆ. ಕಾರಿನೊಳಗೆ ಎಂಜಿನ್ನಿನ ಮೊರೆತವನ್ನು ಅಡಗಿಸಲು ಅವರಿಗೆ ಸ್ಟಿಲ್ಲೆ ಬೇಕಂತೆ. ಅವರು ಕೊಂಡರೆ ಈ ಬಾಗಿಲು ಇನ್ನೆರಡು ವರ್ಷ ತೆರೆದಿರುತ್ತದೆ. ಇನ್ನೊಂದು ಸಂಗತಿ, ಬಾಡಿಗೆಗೆ ತಂದಿದ್ದ ದೊಡ್ಡ ಡಿಸ್ಕುಗಳನ್ನು ಅದೇ ಶುಕ್ರವಾರ ವಾಪಸು ಒಯ್ಯುತ್ತಾರೆ, ಇನ್ನು ಬಾಡಿಗೆ ಕಟ್ಟುವುದಕ್ಕಾಗುವುದಿಲ್ಲ. ಟೇಪಿನಿಂದ ಇಳಿಸಿದ ಮೂಲ ಧ್ವನಿಯೆಲ್ಲ ಅದರಲ್ಲಿದೆ. ಹೋದರೆ ಹೋಗಲಿ, ಚೊಕ್ಕ ಮಾಡಿದ್ದು ಹೇಗೂ ನಮ್ಮ ಹತ್ತಿರ ಇರುತ್ತದಲ್ಲ ಅಂದರು.

ಮೂರು ಗಂಟೆಗೆ ಫೋನ್ ಬಂತು. ರೇಣು ಪಾರ್ಸೆಲ್ ಕೊಡಲು ಹೊರಗೆ ಹೋಗಿದ್ದಳು, ಆಸ್ಮುಂಡ್ ಇನ್ನೊಂದು ಲೈನಿನಲ್ಲಿದ್ದರು. ಅದು ಆರು ಸಲ ಬಡಿದುಕೊಂಡ ಮೇಲೆ ವಿಧಿಯಿಲ್ಲದೆ ಸುಹಾಸಿನಿ ಎತ್ತಿಕೊಂಡಳು. ಮಾತಾಡಿದವರು ವತ್ಸಲಾ ಆಂಟಿ. ಮಿಶಿಗನ್ನಿನ ಕ್ಯಾಂಟನ್ನಿನಲ್ಲಿ ಮಕ್ಕಳ ಡಾಕ್ಟರು, ರೇಣುವಿಗೆ ಕನ್ನಡಕೂಟದಿಂದ ಪರಿಚಯ. ಮೈಸೂರಿನ ತಮ್ಮ ಮನೆಯಲ್ಲಿ ನಲವತ್ತು ವರ್ಷದ ಹಿಂದೆ ನಡೆದ ಕಚೇರಿಗಳ ನಲವತ್ತೊಂದು ಸ್ಪೂಲ್ ಟೇಪುಗಳನ್ನು ಅವರು ಕಳಿಸಿದ್ದರು. ಹೋದ ವಾರವಷ್ಟೇ ಸುಹಾಸಿನಿ ಅವನ್ನೆಲ್ಲ ಮುಗಿಸಿದ್ದಳು. ಕೆಲಸ ಎಲ್ಲಿಗೆ ಬಂತು, ಬರುವ ತಿಂಗಳು ಅಮ್ಮನ ವರ್ಷಾಬ್ದಿಕ, ಅಷ್ಟರೊಳಗೆ ಸಿಕ್ಕರೆ ಒಳ್ಳೆಯದು ಎಂದರು ಆಂಟಿ.

ಸುಹಾಸಿನಿ ಹೂಂ ಎಂದಳು. ಸುಮ್ಮನಿದ್ದರೆ ಚೆನ್ನಾಗಿರುವುದಿಲ್ಲವೆಂದು, ಒಂದೆರಡು ಟೇಪಿನಲ್ಲಿ ಕೇಳಿದ ಹೆಣ್ಣು ದನಿ ಅವರದೇ ಇರಬೇಕೆಂದುಕೊಂಡು, ತಾಯಿಯವರ ಕಂಠ ತುಂಬ ಚೆನ್ನಾಗಿದೆ ಎಂದೂ ಸೇರಿಸಿದಳು.

ಆ ಕಡೆಯಿಂದ ನಗು ಕೇಳಿತು.

“ಅಯ್ಯೋ, ಹಾಡ್ತಿರೋರು ನಮ್ಮಮ್ಮ ಅಲ್ಲ ಕಣಮ್ಮ. ಊರಿಗೆ ಬಂದ ವಿದ್ವಾಂಸರೆಲ್ಲ ನಮ್ಮ ಹಾಲ್‌ನಲ್ಲಿ ಕೂತು ಹಾಡೋರು, ಅಮ್ಮ ಹಿಂದೆ ಕೂತು ತಂಬೂರಿ ಮೀಟೋರು. ಒಂದು ದಿನ ಬಾಯಿ ಬಿಟ್ಟು ಹಾಡಿದೋರಲ್ಲ. ಮಾತೂ ಅಷ್ಟೆ, ತೂಕ ಹಾಕಿ ಒಂದು. ಅಮ್ಮಂದು ಅಂತ ನಮ್ಮ ಹತ್ರ ಉಳಿದಿರೋದು ಆ ಶ್ರುತಿ ಒಂದೇ ನೋಡು. ನಮ್ಮನೆಯವರು ನಗ್ತಾರೆ, ಯಾರ‍್ಯಾರೋ ಹಾಡಿದ್ದಕ್ಕೆ ಇಷ್ಟು ಖರ್ಚು ಮಾಡ್ತೀಯಲ್ಲೇ ಅಂತ.”

ಫೋನಿಟ್ಟ ಮೇಲೆ ಸುಹಾಸಿನಿಗೆ ಆ ತಾಯಿಯ ಶ್ರುತಿಯನ್ನು ಕೇಳಬೇಕೆನ್ನಿಸಿತು. ಕಾರಣವಿತ್ತು. ಚಿಕ್ಕವಳಾಗಿದ್ದಾಗ ಹಯವದನ ಮೇಷ್ಟ್ರ ಹತ್ತಿರ ಅವಳನ್ನು ಸಂಗೀತಕ್ಕೆ ಹಾಕಿದ್ದರು. ನಾಲ್ಕು ಜನರೆದುರು ಬಾಯಿ ಬಿಡದ ಹುಡುಗಿಯನ್ನು ಬೈದು ಸಾಕಾಗಿ ಮೇಷ್ಟ್ರು ಅವಳ ಕೈಗೆ ತಂಬೂರಿ ಕೊಟ್ಟು ಹಿಂದೆ ಕೂರಿಸಿದ್ದರು. ಮೂರು ವರ್ಷ ಅವಳು ಅಲ್ಲೇ ಕೂತಿದ್ದಳು. ಜೀವನದಲ್ಲಿ ಸರಿಯಾದ ಜಾಗದಲ್ಲಿ ಕೂತಿದ್ದೇನೆ ಅನ್ನಿಸಿದ್ದು ಆ ಮೂರು ವರ್ಷವೇ.

ಹೆಡ್‌ಫೋನ್ ಹಾಕಿಕೊಂಡು ಚೊಕ್ಕ ಮಾಡಿದ ಮೊದಲ ಟೇಪನ್ನು ಹಚ್ಚಿದಳು. ಕಲ್ಯಾಣಿ. ಕಣ್ಣು ಮುಚ್ಚಿ, ತುಟಿ ಮುಚ್ಚಿ, ಶ್ರುತಿಯ ಜೊತೆಗೆ ತಾನೂ ಸಣ್ಣಗೆ ಗುನುಗಿದಳು. ಎರಡು ನಿಮಿಷವಾಗಿರಬಹುದು. ಉಸಿರೆಳೆದುಕೊಳ್ಳಲು ಗುನುಗುವುದನ್ನು ನಿಲ್ಲಿಸಿದಳು. ಶ್ರುತಿಯೂ ನಿಂತುಹೋಯಿತು.

ಹೆಡ್‌ಫೋನನ್ನು ಕಿವಿಗೆ ಒತ್ತಿ ಹಿಡಿದಳು. ಮತ್ತೆ ಹಚ್ಚಿದಳು. ಹಾಡುಗಾರನ ಕಂಠ ಇತ್ತು, ಪಿಟೀಲು ಇತ್ತು, ಮೃದಂಗ ಇತ್ತು. ಅವುಗಳ ಕೆಳಗೆ ನೆಲವೇ ಇರಲಿಲ್ಲ. ಇಷ್ಟು ದಿನ ಚೊಕ್ಕವಾಯಿತೇ ಎಂದು ಅಲ್ಲಲ್ಲಿ ಕೇಳಿ ನೋಡಿದಾಗಲೆಲ್ಲ ಅವಳ ತಲೆಯೊಳಗಿನ ತಂಬೂರಿಯೇ ಆ ಜಾಗವನ್ನು ತುಂಬಿಕೊಟ್ಟಿತ್ತು. ಸಂಗೀತ ಗೊತ್ತಿಲ್ಲದ ಯಾರಾದರೂ ಆಗಿದ್ದರೆ ಮೊದಲ ದಿನವೇ ವ್ಯತ್ಯಾಸ ಹಿಡಿಯುತ್ತಿದ್ದರೇನೋ. ಗೊತ್ತಿದ್ದದ್ದೇ ಅವಳಿಗೆ ಮುಳುವಾಗಿತ್ತು. ಕಚೇರಿಯಲ್ಲಿ ಹಾಡು ಶುರುವಾಗುವ ಮೊದಲು ಏನಿರುತ್ತದೆ? ತಂಬೂರಿಯೇ ಇರುತ್ತದೆ. ಅದನ್ನೇ ನಲವತ್ತೊಂದು ಸಲ, ಇದೇ ಗದ್ದಲ, ತೆಗೆ ಇದನ್ನ ಎಂದು ತನ್ನ ಕೈಯಾರೆ ಸ್ಟಿಲ್ಲೆಗೆ ತೋರಿಸಿಕೊಟ್ಟಿದ್ದಳು.

ಓಡಿಹೋಗಿ ಟೇಪಿನ ಡಬ್ಬಗಳನ್ನು ತೆಗೆದಳು. ಪ್ರತಿಯೊಂದರ ಮೇಲೂ ಮಸುಕಾದ ನೀಲಿ ಶಾಯಿಯಲ್ಲಿ ಹಾಡಿದವರ ಹೆಸರು, ಪಕ್ಕವಾದ್ಯದವರ ಹೆಸರು, ತಾರೀಕು, ಎಲ್ಲಕ್ಕಿಂತ ಕೆಳಗೆ ಸಣ್ಣ ಅಕ್ಷರದಲ್ಲಿ ‘ತಂಬೂರಿ: ಗಂಗಮ್ಮ’. ಈ ಚೀಟಿಗಳನ್ನು ಇಂಗ್ಲಿಷಿಗಿಳಿಸಿ ಕಂಪ್ಯೂಟರಿನಲ್ಲಿ ತುಂಬಿದವಳೂ ಅವಳೇ. ಫಾರಮ್ಮಿನಲ್ಲಿ ತಂಬೂರಿಗೆ ಬೇರೆ ಖಾನೆ ಇಲ್ಲವೆಂದು ಆ ಸಾಲನ್ನು ಬಿಟ್ಟುಬಿಟ್ಟಿದ್ದಳು. ಟೇಪುಗಳನ್ನು ಇನ್ನೊಮ್ಮೆ ಓಡಿಸೋಣವೆಂದರೆ ಅವು ಯಂತ್ರದ ಮೇಲೆ ಒಮ್ಮೆ ಓಡಿದ್ದಕ್ಕೇ ಕಂದು ಪುಡಿಯಾಗಿ ಉದುರಿದ್ದವು. ಗಂಗಮ್ಮ ಉಳಿದಿದ್ದರೆ ಇನ್ನು ಆ ಬಾಡಿಗೆಯ ಡಿಸ್ಕಿನಲ್ಲಿ ಮಾತ್ರ. ಡಿಸ್ಕು ಇಟ್ಟ ಕೋಣೆಯ ಕೀಲಿ, ಡಿಸ್ಕಿನ ಪಾಸ್‌ವರ್ಡು ಎರಡೂ ಆಸ್ಮುಂಡರೊಬ್ಬರ ಬಳಿ ಇದ್ದವು; ಕೆಲಸಕ್ಕೆ ಬೇಕಾದ್ದನ್ನು ಆಯಾ ದಿನ ಅವರೇ ತೆರೆದುಕೊಡುತ್ತಿದ್ದರು.

ಮಂಗಳವಾರ ಅವರ ಮೇಜಿನ ಪಕ್ಕ ಹೋಗಿ ನಿಂತಳು. ಅವರು ತಲೆಯೆತ್ತಿ, ಶುಕ್ರವಾರ ತೋರಿಸಲು ಮೈಸೂರಿನ ಟೇಪನ್ನೇ ಆರಿಸಿದ್ದೇನೆ, ಹದಿನೈದು ವರ್ಷದಲ್ಲಿ ಸ್ಟಿಲ್ಲೆ ಇಷ್ಟು ಚೊಕ್ಕವಾಗಿ ಯಾವುದನ್ನೂ ತೊಳೆದಿಲ್ಲ ಎಂದು ಕಣ್ಣರಳಿಸಿದರು. ಆ ಮುಖ ನೋಡಿ ಅವಳು ಸ್ಟೇಪ್ಲರ್ ಪಿನ್ನು ಬೇಕಾಗಿತ್ತು ಎಂದಳು. ಬುಧವಾರ ಒಂದು ಈಮೇಲ್ ಬರೆದಳು. ಕ್ಷಮಿಸಿ ಎಂದು ನಾಲ್ಕು ಕಡೆ ಬಂದಿತ್ತು, ಏನು ತಪ್ಪಾಯಿತೆಂಬುದು ಒಂದು ಕಡೆಯೂ ಸರಿಯಾಗಿ ಬಂದಿರಲಿಲ್ಲ. ಕಳಿಸಲಿಲ್ಲ.

ಗುರುವಾರ ಬೆಳಿಗ್ಗೆ ಕಾರಿನಲ್ಲಿ ರೇಣು ರೇಡಿಯೋ ಆರಿಸಿದಳು.

“ಮೂರು ದಿನ ಆತು, ಮಾರಿ ಬಾಡಿಸ್ಕೊಂಡು ಕುಂತೀ. ಏನರ ಹುಡುಗನ ಉಸಾಬರಿ ಏನು?”

ಸುಹಾಸಿನಿ ಎಲ್ಲ ಹೇಳಿದಳು. ಹೇಳಿ ಮುಗಿಯುವ ಹೊತ್ತಿಗೆ ಎಕ್ಸಿಟ್ ದಾಟಿಹೋಗಿತ್ತು. ರೇಣು ಬೈದುಕೊಳ್ಳುತ್ತ ಮುಂದಿನ ಎಕ್ಸಿಟ್‌ನಲ್ಲಿಳಿದು ಗ್ಯಾಸ್ ಸ್ಟೇಷನ್ನಿನ ಪಕ್ಕ ಕಾರು ನಿಲ್ಲಿಸಿದಳು.

“ಅಕ್ಕಾ, ನೀವೇ ಹೇಳಿಬಿಡಿ” ಎಂದಳು ಸುಹಾಸಿನಿ.

“ನಾ ಹೇಳಿದ್ರ ಅಂವ ಒಂದು ಪ್ರಶ್ನೆ ಕೇಳ್ತಾನ, ನನ್ನ ಬಾಯಿ ಬಂದ್ ಆಗ್ತದ. ನನಗ ತಂಬೂರಿ ಏನು, ಮಿಕ್ಸರ್ ಏನು, ಎರಡೂ ಗುಂಯ್ ಅಂತಾವ. ನೀ ಕೇಳಾಕಿ. ನೀನಽ ಹೇಳಬೇಕು.”

“ಹೇಳಿದ್ರೆ ಸ್ಟಿಲ್ಲೆ ಸರಿಯಿಲ್ಲ ಅಂತ ಡೆಟ್ರಾಯಿಟ್‌ನವರು ತಗೊಳ್ಳಲ್ಲ ಅಂದ್ರೆ? ನಿಮ್ಮ ಕೆಲಸ ಹೋಗುತ್ತೆ. ಯಜಮಾನರ ಕಂಪನಿ...”

ರೇಣು ಸ್ಟಿಯರಿಂಗಿನ ಮೇಲೆ ಬೆರಳು ಬಡಿದಳು. ಅವಳ ಗಂಡನ ಕೆಲಸ ಡಿಸೆಂಬರಿನಲ್ಲೇ ಹೋಗಿತ್ತು. ಅದನ್ನು ಸುಹಾಸಿನಿಯೂ ಬಲ್ಲಳು.

“ಹೋಗ್ಬಹುದು,” ಎಂದಳು ರೇಣು. “ನಾ ನಿನಗ ಹೇಳು ಅಂತನೂ ಅನ್ನಂಗಿಲ್ಲ, ಬ್ಯಾಡ ಅಂತನೂ ಅನ್ನಂಗಿಲ್ಲ. ವತ್ಸಲಾನ ಟೇಪ್ ತಂದಾಕಿ ನಾನು. ನಾಳೆ ಆಕಿ ಫೋನ್ ಮಾಡಿದ್ರ ಏನ್ ಹೇಳಲಿ ಅಂತ ಅಷ್ಟು ಹೇಳಿಕೊಡು ಸಾಕು.”

ಆ ದಿನವಿಡೀ ಆಸ್ಮುಂಡ್ ಅತಿಥಿಗಳಿಗೆಂದು ಕೋಣೆ ಗುಡಿಸುವುದರಲ್ಲಿ, ಸ್ಪೀಕರುಗಳನ್ನು ಒರೆಸುವುದರಲ್ಲಿ, ಹಳೆಯ ಕೋಟಿಗೆ ಗುಂಡಿ ಹುಡುಕುವುದರಲ್ಲಿ ಕಳೆದರು. ಗುಂಡಿ ಹೊಲಿದುಕೊಟ್ಟವಳು ಸುಹಾಸಿನಿಯೇ. ಸೂಜಿಗೆ ದಾರ ಪೋಣಿಸುವಾಗ ಹೇಳಬೇಕೆಂದುಕೊಂಡಳು. ದಾರ ಕಚ್ಚಿ ತುಂಡು ಮಾಡುವಾಗಲೂ ಅಂದುಕೊಂಡಳು. ಅವರು ಕೋಟು ಹಾಕಿಕೊಂಡು, ಮದುವೆ ಗಂಡಿನಂತೆ ಕಾಣುತ್ತೇನಾ ಎಂದು ಕೇಳಿದಾಗ ನಕ್ಕು ತಲೆಯಾಡಿಸಿದಳು, ಅಷ್ಟೆ.

ಶುಕ್ರವಾರ ಹತ್ತೂವರೆಗೆ ಅತಿಥಿಗಳು ಬಂದರು. ಒಬ್ಬ ವಯಸ್ಸಾದವನು, ಒಬ್ಬಳು ನಡುವಯಸ್ಸಿನ ಹೆಂಗಸು. ಐದು ಗಂಟೆ ಕಾರು ಓಡಿಸಿ ಬಂದವರು ಕಾಫಿ ಕುಡಿದು, ಕೈಗಡಿಯಾರ ನೋಡಿಕೊಂಡು ಕೂತರು. ಸುಹಾಸಿನಿ ಕಂಪ್ಯೂಟರಿನ ಮುಂದೆ, ರೇಣು ಬಾಗಿಲ ಬಳಿ. ಆಸ್ಮುಂಡ್ ಎರಡೇ ಮಾತಿನಲ್ಲಿ ವಿಷಯ ಹೇಳಿ, ತಾವೇ ಪಾಸ್‌ವರ್ಡ್ ಕೊಟ್ಟು ಡಿಸ್ಕಿನಿಂದ ತೆರೆದಿಟ್ಟಿದ್ದ ಮೂಲ ಧ್ವನಿಯನ್ನು ಮೊದಲು ಹಾಕಲು ಸನ್ನೆ ಮಾಡಿದರು.

ಅವಳು ಆ ಧ್ವನಿಯನ್ನು ಸ್ಪೀಕರಿನಲ್ಲಿ ಕೇಳಿದ್ದು ಅದೇ ಮೊದಲು. ಮೈಸೂರಿನ ಯಾವುದೋ ಹಾಲಿನ ಫ್ಯಾನು, ಯಾರದೋ ಕೆಮ್ಮು, ದೂರದಲ್ಲೊಂದು ಜಟಕಾ. ಇವೆಲ್ಲವನ್ನೂ ಮಡಿಲಲ್ಲಿಟ್ಟುಕೊಂಡಂತೆ ತಂಬೂರಿ. ಅವಸರವಿಲ್ಲದ ಬೆರಳು. ಹಾಡುಗಾರ ಗಂಟಲು ಸರಿಮಾಡಿಕೊಳ್ಳಲು ನಿಂತಾಗ ಆ ಬೆರಳು ಕೂದಲೆಳೆಯಷ್ಟು ಮೆತ್ತಗಾಗಿ, ಅವನು ಎತ್ತಿಕೊಂಡ ಮೇಲೆ ಮತ್ತೆ ತುಂಬಿಕೊಳ್ಳುತ್ತಿತ್ತು. ಹಿಂದೆ ಕೂತವರಿಗೆ ಮಾತ್ರ ಗೊತ್ತಿರುವ ಕೆಲಸ ಅದು. ಸುಹಾಸಿನಿಯ ಬೆರಳುಗಳು ಮೇಜಿನ ಕೆಳಗೆ ತಾವಾಗಿಯೇ ಆಡಿದವು.

ಆಮೇಲೆ ಆಸ್ಮುಂಡ್ ಬೆರಳೆತ್ತಿದರು. ಅವಳು ಚೊಕ್ಕ ಮಾಡಿದ್ದನ್ನು ಹಾಕಿದಳು. ಕಂಠವೊಂದು ಬಯಲಿನಲ್ಲಿ ಒಬ್ಬಂಟಿಯಾಗಿ ನಿಂತು ಹಾಡತೊಡಗಿತು. ಹೆಂಗಸು ಹುಬ್ಬೇರಿಸಿ ಮೆಚ್ಚಿಕೊಂಡಳು. ವಯಸ್ಸಾದವನು ಕಾಗದದ ಮೇಲೆ ಏನೋ ಗೀಚಿಕೊಂಡು, ನಮ್ಮ ಎಂಜಿನ್ನಿಗೂ ಹೀಗೆಯೇ ಆಗುವುದಾದರೆ ಇನ್ನು ಹೇಳಬೇಕಾದ್ದೇನೂ ಇಲ್ಲ ಎಂದನು. ಆಸ್ಮುಂಡರ ಕಿವಿಗಳು ಸಂತೋಷದಿಂದ ಕೆಂಪಾದವು.

ಆಗಲೇ ಬಾಗಿಲು ತಟ್ಟಿದ ಸದ್ದು. ಡಿಸ್ಕು ಒಯ್ಯುವವನು ಒಂದು ಗಂಟೆ ಮುಂಚೆಯೇ ಬಂದಿದ್ದ. ಕೈಗಾಡಿಯನ್ನು ಹೊಸ್ತಿಲಲ್ಲಿ ನಿಲ್ಲಿಸಿ, ಇನ್ನೂ ಮೂರು ಕಡೆ ಹೋಗಬೇಕು ಎಂದ. ಆಸ್ಮುಂಡ್ ಅತಿಥಿಗಳಿಗೆ ಒಂದು ನಿಮಿಷ ಎಂದು ಹೇಳಿ, ಕೋಟಿನ ಜೇಬಿನಿಂದ ಕೀಲಿ ತೆಗೆದು ಅವನತ್ತ ಕೈಚಾಚಿದರು. ರೇಣು ಸುಹಾಸಿನಿಯ ಕಡೆಗೆ ನೋಡಲಿಲ್ಲ. ಬೇಕೆಂದೇ ನೆಲ ನೋಡುತ್ತ ನಿಂತಳು.

ಸುಹಾಸಿನಿ ಎದ್ದು ನಿಂತಳು. ಕುರ್ಚಿ ಹಿಂದಕ್ಕೆ ಸರಿದು ಗೋಡೆಗೆ ಬಡಿಯಿತು, ಎಲ್ಲರೂ ತಿರುಗಿದರು. ಅವಳು ಮೇಜಿನ ಅಂಚು ಹಿಡಿದುಕೊಂಡಳು. ಆಸ್ಮುಂಡ್ ಕೀಲಿ ಹಿಡಿದ ಕೈಯನ್ನು ಹಾಗೇ ತಡೆದು, ಏನಾಯಿತು, ನೀರು ಬೇಕಾ ಎಂದು ಮೆಲ್ಲಗೆ ಕೇಳಿದರು. ಅವರ ಹಿಂದೆ ಅತಿಥಿಗಳು ಕಾಯುತ್ತಿದ್ದರು. ಸ್ಪೀಕರಿನಲ್ಲಿ ಆ ಒಂಟಿ ಕಂಠ ಇನ್ನೂ ಹಾಡುತ್ತಿತ್ತು. ಅವಳು ಅದನ್ನು ನಿಲ್ಲಿಸಿದಳು.

“ಸ್ಟಿಲ್ಲೆ ತೊಳೆದು ತೆಗೆದ ಆ ಸದ್ದಿನಲ್ಲಿ ಒಬ್ಬರು ತಂಬೂರಿ ಹಿಡಿದು ಕೂತಿದ್ದಾರೆ,” ಎಂದಳು. “ನಾನೇ ತೋರಿಸಿಕೊಟ್ಟು ಅವರನ್ನು ಅಳಿಸಿದೆ. ಅವರು ಇರೋದು ಇನ್ನು ಆ ಡಿಸ್ಕಿನಲ್ಲಿ ಮಾತ್ರ. ಕೊಡಬೇಡಿ.”